ಅಪ್ಪಟ ಕನ್ನಡ ಅಂದ್ರ ಯಾರ ಕನ್ನಡ?



2025ರ ಜುಲೈ 11. ನಿರೂಪಕಿ ಅಪರ್ಣಾ ತೀರಿಕೊಂಡು ಒಂದು ವರ್ಷ ಆಗಿತ್ತು. ಬೆಳಗ್ಗಿಂದ ಮೊಬೈಲ್ ತೆಗೆದರೆ ಅವರದೇ ಫೋಟೊ. ಅದರ ಕೆಳಗ ಎಲ್ಲರದ್ದೂ ಒಂದೇ ಮಾತು: ಅಪ್ಪಟ ಕನ್ನಡ, ಸ್ವಚ್ಛ ಕನ್ನಡ, ಶುದ್ಧ ಕನ್ನಡ.

ಮೊದಲೇ ಹೇಳಿಬಿಡ್ತೀನಿ. ನನ್ನ ಜಗಳ ಆ ಹೆಣ್ಣುಮಗಳ ಜೊತೆ ಅಲ್ಲ. ಪುಟ್ಟಣ್ಣ ಕಣಗಾಲರ 'ಮಸಣದ ಹೂವು' ಸಿನಿಮಾದಿಂದ ಶುರು ಮಾಡಿ, ರೇಡಿಯೊ, ದೂರದರ್ಶನ, 'ಮಜಾ ಟಾಕೀಸ್', ಬೆಂಗಳೂರು ಮೆಟ್ರೋದ ಘೋಷಣೆ ತನಕ ಆಕೆ ದುಡಿದರು. 1998ರ ದೀಪಾವಳಿ ಕಾರ್ಯಕ್ರಮ ಸತತ 8 ತಾಸು ನಿರೂಪಿಸಿದರು. ಆಫೀಸಿನಾಗ ಫೈಲ್ ಹಿಡಿದು ಅರ್ಧ ತಾಸು ಸಾಹೇಬರ ಮುಂದ ನಿಂತರೆ ಗಂಟಲು ಒಣಗ್ತದ ನಮಗ. 8 ತಾಸು ಮಾತಾಡೋದು ಹುಡುಗಾಟ ಅಲ್ಲ. 57ಕ್ಕೇ ಕ್ಯಾನ್ಸರ್ ಒಯ್ತು. ಆಕೆಯ ದುಡಿಮೆಗೆ ನನ್ನದೂ ಒಂದು ನಮಸ್ಕಾರ ಇರಲಿ.

ನನ್ನ ಜಗಳ ಇರೋದು ಆ 'ಅಪ್ಪಟ' ಅನ್ನೋ ಪದದ ಜೊತೆ. ಒಬ್ಬರು ಕಷ್ಟಪಟ್ಟು ಸಾಧಿಸಿದ ಒಂದು ಬಗೆಯ ಕನ್ನಡವನ್ನು ವಾರ್ತೆ ಓದುವವರಿಗೂ ನಿರೂಪಕರಿಗೂ ಅಳತೆಗೋಲು ಮಾಡಿ, ಅದೊಂದೇ ಕನ್ನಡ ಅಂತ ಹೇಳಿದರು ನೋಡ್ರಿ, ಅವರ ಜೊತೆ ಜಗಳ. ಅದು ಅಪ್ಪಟ ಆದರೆ ನಮ್ಮದೇನು? ಕಲಬೆರಕೆಯೇನ್ರಿ?

2007ರ ಮಾತು. ಸುದ್ದಿ ಚಾನೆಲ್‌ಗಳು ಒಂದೊಂದಾಗಿ ಶುರುವಾಗುತ್ತಿದ್ದ ಹೊತ್ತು. ಬಿಎ ಮುಗಿಸಿ ಖಾಲಿ ತಿರುಗುತ್ತಿದ್ದ ನಾನು ವಾಡಿಯಿಂದ ಉದ್ಯಾನ್ ಎಕ್ಸ್‌ಪ್ರೆಸ್ ಜನರಲ್ ಡಬ್ಬಿಯಾಗ ನಿಂತೇ ಬೆಂಗಳೂರಿಗೆ ಹೋದೆ. ಒಂದು ಚಾನೆಲ್‌ನವರು ದನಿ ಪರೀಕ್ಷೆ ಇಟ್ಟಿದ್ದರು. ಕೊಟ್ಟ ಹಾಳೆ ಒಂದೂ ತಪ್ಪಿಲ್ಲದೆ ಓದಿದೆ. ಆಮೇಲೆ "ನಿಮ್ಮೂರಲ್ಲಿ ಮಳೆ ಹೇಗಿದೆ?" ಅಂತ ಸುಮ್ಮನೆ ಕೇಳಿದರು. ನನ್ನ ಬಾಯಿಂದ ಬಂತು: "ಭಾಳ ಆಗ್ಯದ ಸರ್, ತೊಗರಿ ಎಲ್ಲಾ ಹಾಳಾಗ್ಯದ." ಮೂವರೂ ನಕ್ಕರು. ಬೆಳೆ ಹಾಳಾದ ಸುದ್ದಿಗೆ ನಕ್ಕರು! "ಕಾಮಿಡಿ ಶೋ ಮಾಡಿದಾಗ ಕರೀತೀವಿ" ಅಂದರು. ಹೊರಗ ಬರೋ ಮುಂದ ಒಬ್ಬರು ಅಪ್ಪನ ಹೆಸರು ಕೇಳಿದರು, ಮನೆತನದ ಹೆಸರು ಕೇಳಿದರು. ಯಾಕೆ ಕೇಳಿದರು ಅಂತ ನಿಮಗೆ ಬಿಡಿಸಿ ಹೇಳಬೇಕಿಲ್ಲ.

ನಾನು ಇರೋದು ಆದಿತ್ಯನಗರದಾಗ, ಮಳಖೇಡದ ಮಗ್ಗುಲಿಗೆ. ಮಳಖೇಡ ಅಂದ್ರ ರಾಷ್ಟ್ರಕೂಟರ ಮಾನ್ಯಖೇಟ. ನಮಗೆ ಸಿಕ್ಕಿರೋ ಕನ್ನಡದ ಮೊದಲ ಗ್ರಂಥ 'ಕವಿರಾಜಮಾರ್ಗ' 9ನೇ ಶತಮಾನದಾಗ ಹುಟ್ಟಿದ್ದು ಇಲ್ಲಿ ಆಳಿದ ನೃಪತುಂಗನ ಆಸ್ಥಾನದಾಗ. ಒಂದೊಂದು ಸೀಮೆಗೆ ಒಂದೊಂದು ಕನ್ನಡ ಅದ, ಎಣಿಸಲಿಕ್ಕೆ ಹೋದರೆ ಸಾವಿರ ನಾಲಿಗೆಯ ವಾಸುಕಿಗೂ ಬೇಸರ ಬರ್ತದ ಅನ್ನೋ ಅರ್ಥದ ಮಾತು ಆ ಗ್ರಂಥದಾಗೇ ಅದ. ಸಾವಿರ ವರ್ಷದ ಹಿಂದೆ ಅರಮನೆಯವರಿಗೆ ತಿಳಿದದ್ದು ಇವತ್ತಿನ ಸ್ಟುಡಿಯೋದವರಿಗೆ ತಿಳಿಯವಲ್ದು.

ಇನ್ನೊಂದು ಇತಿಹಾಸ ಕೇಳ್ರಿ. ಕರ್ನಾಟಕಕ್ಕೆ ಟಿವಿ ಮೊದಲು ಬಂದದ್ದು ಬೆಂಗಳೂರಿಗೆ ಅಲ್ಲ, ನಮ್ಮ ಕಡಿಗೆ. 1975ರ ಆಗಸ್ಟ್ 1ಕ್ಕೆ 'ಸೈಟ್' ಅನ್ನೋ ಉಪಗ್ರಹ ಪ್ರಯೋಗ ಶುರುವಾಯ್ತು. ಅಮೆರಿಕದ ಉಪಗ್ರಹದ ಮೂಲಕ ದೇಶದ 6 ರಾಜ್ಯಗಳ ಸುಮಾರು 2400 ಹಳ್ಳಿಗಳಿಗೆ ಒಂದು ವರ್ಷ ಟಿವಿ ತೋರಿಸಿದರು. ಕರ್ನಾಟಕದಾಗ ಆರಿಸಿದ್ದು ಗುಲ್ಬರ್ಗಾ, ರಾಯಚೂರು, ವಿಜಾಪುರ ಜಿಲ್ಲೆಗಳ ಹಳ್ಳಿಗಳನ್ನ. ಗುಲ್ಬರ್ಗಾಕ್ಕೆ ದೂರದರ್ಶನ ಕೇಂದ್ರ ಬಂದದ್ದು 1977ಕ್ಕೆ, ಬೆಂಗಳೂರಿಗೆ 1981ಕ್ಕೆ. ಅಂದ್ರ ಬೆಂಗಳೂರಿಗಿಂತ ಮೊದಲು ಟಿವಿ ಕಂಡವರು ನಾವು. ಆದರೆ ರಾಜ್ಯದ ವಾರ್ತೆಯಾಗ ನಮ್ಮ ಮಾತು ಎಲ್ಲದ?

ನಮ್ಮವ್ವನ ತವರೂರಿಗೆ ಆಗ ಟಿವಿ ಬಂದಿತ್ತಂತೆ, ಸಾಲಿ ಪಡಸಾಲೆಯಾಗ ಇಟ್ಟಿದ್ದರಂತೆ. ಊರ ಮಂದಿ ಒಳಗ ಚಾಪಿ ಮ್ಯಾಲ. ನಮ್ಮ ಕೇರಿಯವರು ಕಂಪೌಂಡಿನ ಹೊರಗ, ಕಾಲ್ತುದಿ ಮ್ಯಾಲ. "ಚಿತ್ರ ಕಾಣ್ತಿತ್ತಪ್ಪ, ಮಾತು ಕೇಳ್ತಿರಲಿಲ್ಲ" ಅಂತಾಳ ಅವ್ವ.

2025ರ ಆಗಸ್ಟ್ 1ಕ್ಕೆ ಅದಕ್ಕ 50 ವರ್ಷ ಆಯ್ತು. ಕಂಪೌಂಡು ಹೋಗಿದೆಯೇ? ಲೆಕ್ಕ ನೋಡ್ರಿ. 2019ರಾಗ ಆಕ್ಸ್‌ಫಾಮ್ ಇಂಡಿಯಾ ಮತ್ತು ನ್ಯೂಸ್‌ಲಾಂಡ್ರಿ ಒಂದು ವರದಿ ತಂದವು. ಹಿಂದಿ ಚಾನೆಲ್‌ಗಳ 40, ಇಂಗ್ಲಿಷ್ ಚಾನೆಲ್‌ಗಳ 47 ಚರ್ಚಾ ನಿರೂಪಕರಲ್ಲಿ ನಾಲ್ವರಲ್ಲಿ ಮೂವರು ಮೇಲ್ಜಾತಿಯವರು. ದಲಿತರು, ಆದಿವಾಸಿಗಳು, ಹಿಂದುಳಿದವರು ಒಬ್ಬರೂ ಇಲ್ಲ. ಸುದ್ದಿಮನೆಗಳ 121 ಮುಖ್ಯ ಹುದ್ದೆಗಳಲ್ಲಿ 106 ಮೇಲ್ಜಾತಿಯವರ ಕೈಯಾಗ. ಕನ್ನಡದ ಚಾನೆಲ್‌ಗಳು ಆ ಲೆಕ್ಕದಾಗ ಇಲ್ಲ. ಅವನ್ನ ನೀವೇ ಎಣಿಸ್ರಿ, ಒಂದು ಕೈಯ ಬೆರಳು ಸಾಕು.

ಕುರ್ಚಿ ಮ್ಯಾಲ ಯಾರು ಕುಂತಾರ ಅನ್ನೋದರ ಮ್ಯಾಲೇ ಯಾವುದು ಸುದ್ದಿ ಅನ್ನೋದು ತೀರ್ಮಾನ ಆಗ್ತದ. 2014ರಾಗ ಕೊಪ್ಪಳ ಜಿಲ್ಲೆಯ ಮರಕುಂಬಿಯಾಗ ದಲಿತರ ಗುಡಿಸಲಿಗೆ ಬೆಂಕಿ ಇಟ್ಟರು. ಹತ್ತು ವರ್ಷ ಆದ ಮ್ಯಾಲ, 2024ರ ಅಕ್ಟೋಬರ್‌ದಾಗ, 98 ಮಂದಿಗೆ ಜೀವಾವಧಿ ಶಿಕ್ಷೆ ಕೊಟ್ಟಿತು ಕೊಪ್ಪಳ ನ್ಯಾಯಾಲಯ. ಅದರ ಮ್ಯಾಲ ಎಷ್ಟು ರಾತ್ರಿ ಪ್ಯಾನೆಲ್ ಕೂಡಿಸಿ ಚರ್ಚೆ ನಡೀತು, ನೆನಪು ಮಾಡಿಕೊಳ್ರಿ. ನಟರೊಬ್ಬರ ಜೈಲೂಟದ ಮ್ಯಾಲ ಎಷ್ಟು ನಡೀತು, ಅದನ್ನೂ ನೆನಪು ಮಾಡಿಕೊಳ್ರಿ.

"ಎಲ್ಲರಿಗೂ ತಿಳಿಯೋ ಭಾಷೆ ಒಂದು ಬೇಕಲ್ಲ?" ಅಂತ ಕೇಳೋರು ಇದ್ದಾರ. 50 ವರ್ಷ ಅವರ ಕನ್ನಡ ಕೇಳಿ ಕೇಳಿ ನಾವು ಕಲಿತಿಲ್ಲೇನು? ನಮ್ಮ ಕನ್ನಡವನ್ನ ದಿನಾ ಹತ್ತು ನಿಮಿಷ ಕೇಳಿದರೆ ಅವರ ಕಿವಿಗೂ ರೂಢಿ ಆಗ್ತದ. ಸಿಮೆಂಟ್ ನಮ್ಮದು ತಿಳೀತದ, ತೊಗರಿಬ್ಯಾಳಿ ತಿಳೀತದ, ಶಹಾಬಾದಿ ಫರಸಿ ತಿಳೀತದ. ಮಾತೊಂದೇ ತಿಳಿಯಂಗಿಲ್ಲ ಅಂದ್ರ ಹೆಂಗ?

ಚಳವಳಿಯ ಅಣ್ಣತಮ್ಮಂದಿರೇ, ತಪ್ಪು ನಮ್ಮದೂ ಅದ. ಕೇರಿಯಾಗ ನಮ್ಮ ಭಾಷೆ, ವೇದಿಕೆ ಹತ್ತಿದ ಕೂಡ್ಲೆ ಟಿವಿ ಭಾಷೆ. ಈ ಬರಹ ನೋಡ್ರಿ, ನಾನೂ ಶುರು ಮಾಡಿದ್ದು ಅದರಾಗೇ. ಬಾಬಾಸಾಹೇಬರು ಬೇರೆಯವರ ಪತ್ರಿಕೆಯಾಗ ಒಂದು ಮೂಲೆ ಬೇಡುತ್ತಾ ಕೂಡಲಿಲ್ಲ. 1920ರ ಜನವರಿ 31ಕ್ಕೆ ತಾವೇ 'ಮೂಕನಾಯಕ' ತಂದರು. ನಮ್ಮ ಕೈಯಾಗ ಇವತ್ತು ಮೊಬೈಲ್ ಅದ. ಊರೂರಿಗೆ ಒಬ್ಬ ಹುಡುಗ, ಒಬ್ಬ ಹುಡುಗಿ ನಮ್ಮ ಭಾಷೆದಾಗ ವಾರ್ತೆ ಓದಲಿ. ಜೊತೆಗೆ ಕೇಳೋಣ: ದೂರದರ್ಶನ ನಮ್ಮ ತೆರಿಗೆಯಿಂದ ನಡೀತದ, ಕಲಬುರಗಿಯಿಂದ ದಿನಾ ಒಂದು ವಾರ್ತೆ ಈ ಕನ್ನಡದಾಗ ಬರಲಿ. ಖಾಸಗಿ ಚಾನೆಲ್‌ನವರು ತಮ್ಮ ನಿರೂಪಕರ ಜಾತಿವಾರು ಲೆಕ್ಕ ಹೊರಗ ಇಡಲಿ.

ನನ್ನ ಮಗಳು ಒಂಬತ್ತನೇ ಕ್ಲಾಸು. ಕನ್ನಡಿ ಮುಂದ ನಿಂತು ವಾರ್ತೆ ಓದ್ತಾಳ. ಓದೋ ಮುಂದ 'ಅದ' ಹೋಗಿ 'ಇದೆ' ಆಗ್ತದ. "ಯಾಕವ್ವ, ನಮ್ಮಂಗ ಓದಬಾರ್ದಾ?" ಅಂದೆ. "ನಮ್ಮ ಭಾಷಿದಾಗ ಓದಿದ್ರ ನ್ಯೂಸ್ ಅನ್ಸಲ್ಲಪ್ಪ" ಅಂದಳು.

ಅವರಜ್ಜಿ ಕಂಪೌಂಡಿನ ಹೊರಗ ನಿಂತು ನೋಡಿದಳು. ನನ್ನ ನಕ್ಕು ಕಳಿಸಿದರು. ಈಕಿ ಆ ಕುರ್ಚಿ ಮ್ಯಾಲ ಕೂಡಬೇಕು, ಕುಂತು 'ಮಳಿ ಭಾಳ ಆಗ್ಯದ' ಅಂತಲೇ ಓದಬೇಕು. ಅವತ್ತು ಯಾರೂ ನಗಬಾರದು.

ಜೈ ಭೀಮ್.