ತೋಟದ ನೀರೇ ಮನೆಯ ನೀರು

ಕೊಳವೆಬಾವಿಗೆ ನೀರು ಬಂತೆಂದರೆ ನಾವು ಕೇಳುವ ಮೊದಲ ಮಾತು "ಎಷ್ಟು ಇಂಚು?" ಎಂಬುದು. ಎಂಥ ನೀರು ಎಂದು ಕೇಳುವವರು ವಿರಳ. ಹೊಳಲ್ಕೆರೆ, ಹೊಸದುರ್ಗ, ಹಿರಿಯೂರು, ಚಿತ್ರದುರ್ಗದ ಕಡೆ ಅಡಿಕೆಗೆ ಹರಿಯುವ ನೀರನ್ನೇ ಅನೇಕ ಮನೆಗಳಲ್ಲಿ ಕುಡಿಯುವುದರಿಂದ ಈ ಎರಡನೆಯ ಪ್ರಶ್ನೆಯೇ ಮುಖ್ಯವಾದುದು.

ನಮ್ಮ ಅಂತರ್ಜಲದಲ್ಲಿ ಫ್ಲೋರೈಡ್ ಇರುವುದು ಹಳೆಯ ಸಂಗತಿ. ಅದು ಕಲ್ಲಿನಿಂದ ಬರುವಂಥದು, ನಿಜ. ಆದರೆ ಕಲ್ಲನ್ನೇ ದೂರಿ ಕೂರುವಂತಿಲ್ಲ. ಮಳೆ ತುಂಬುವುದಕ್ಕಿಂತ ಹೆಚ್ಚು ಎತ್ತಿ, ಆಳಕ್ಕೆ ಆಳ ಕೊರೆದು, ಬಂಡೆಯ ಬಿರುಕಿನಲ್ಲಿ ಬಹುಕಾಲ ನಿಂತ ನೀರನ್ನು ಮೇಲಕ್ಕೆ ತರುತ್ತಿರುವವರು ನಾವೇ. ಕುಡಿಯುವ ನೀರಿನಲ್ಲಿ ಲೀಟರಿಗೆ 1 ಮಿಲಿಗ್ರಾಂ ಮೀರಬಾರದು. ಬೇರೆ ನೀರೇ ಇಲ್ಲದಾಗ 1.5ರವರೆಗೆ. ಮೀರಿದರೆ ಮಕ್ಕಳ ಹಲ್ಲು ಕಂದುಗಟ್ಟುತ್ತದೆ. ಇನ್ನೂ ಹೆಚ್ಚಿದ್ದು ವರ್ಷಗಟ್ಟಲೆ ಕುಡಿದರೆ ಕೀಲು, ಬೆನ್ನು ಬಿಗಿಯುತ್ತವೆ.

ಎರಡನೆಯದು ನೈಟ್ರೇಟ್. ಇದು ಮೇಲಿನಿಂದ ಇಳಿಯುವುದು: ಗೊಬ್ಬರ, ತಿಪ್ಪೆ, ಕಕ್ಕಸುಗುಂಡಿಗಳಿಂದ. ಅಡಿಕೆ ಮರಕ್ಕೆ ಶಿಫಾರಸು ವರ್ಷಕ್ಕೆ 100 ಗ್ರಾಂ ಸಾರಜನಕ, ಅಂದರೆ ಸುಮಾರು 220 ಗ್ರಾಂ ಯೂರಿಯಾ, ಅದೂ ಎರಡು ಕಂತಿನಲ್ಲಿ. ಕೈ ಅಳತೆಯಲ್ಲಿ ಎರಚುವವರು ಇದನ್ನು ಮೀರುವುದು ಸುಲಭ. ಮರ ಹೀರದ ಒಂದು ಕಿಲೋ ಯೂರಿಯಾ ಪೂರ್ತಿ ನೈಟ್ರೇಟಾಗಿ ಇಳಿದರೆ, ಸುಮಾರು 45,000 ಲೀಟರ್ ಶುದ್ಧ ನೀರನ್ನು 45 ಮಿಲಿಗ್ರಾಮಿನ ಮಿತಿಗೆ ಮುಟ್ಟಿಸಬಲ್ಲುದು. ಮಿತಿ ಮೀರಿದ ನೀರಿನಲ್ಲಿ ಹಾಲುಪುಡಿ ಕಲಸಿ ಕೊಟ್ಟರೆ ಹಸುಗೂಸಿಗೆ ಪ್ರಾಣಾಪಾಯ. ಕುದಿಸಿದರೆ ರೋಗಾಣು ಸಾಯುತ್ತದೆ. ಫ್ಲೋರೈಡ್, ನೈಟ್ರೇಟ್ ಹೋಗುವುದಿಲ್ಲ.

"ಗೊಬ್ಬರ ಬಿಟ್ಟರೆ ಇಳುವರಿ ಎಲ್ಲಿ?" ಎನ್ನಬಹುದು. ಬಿಡಬೇಕೆಂದಲ್ಲ, ಅಳೆದು ಹಾಕಬೇಕು. ಜಡಿಮಳೆಯ ಮುಂಚೆ ಹಾಕಬಾರದು. ಹಾಳುಬಾವಿಗೆ ಕಸ, ಔಷಧದ ಡಬ್ಬ ಎಸೆಯಬಾರದು. ತೋಟದಲ್ಲಿ ಹರಿದ ನೀರನ್ನು ಸೋಸದೆ ಬತ್ತಿದ ಕೊಳವೆಬಾವಿಗೆ ಬಿಡುವುದು ಇಂಗಿಸುವುದಲ್ಲ, ವಿಷಕ್ಕೆ ನೇರ ದಾರಿ ಮಾಡಿಕೊಡುವುದು.

1933ರ ನಂತರ ವಾಣಿವಿಲಾಸ ಸಾಗರ 2022ರಲ್ಲಿ ಕೋಡಿ ಬಿದ್ದಾಗ ನಾವೆಲ್ಲ ಹಿಗ್ಗಿದೆವು. ಆದರೆ ಜಲಾಶಯ ತುಂಬಿದ ಮಾತ್ರಕ್ಕೆ ಬಾವಿಯ ಗುಣ ಸರಿಹೋಗದು.

ಆದ್ದರಿಂದ ನನ್ನ ಸಲಹೆ ಇಷ್ಟು: ಮುಂಗಾರಿಗೆ ಮೊದಲೊಮ್ಮೆ, ನಂತರವೊಮ್ಮೆ ಸದಸ್ಯರ ಬಾವಿಗಳ ನೀರನ್ನು ಸಂಘದ ಖರ್ಚಿನಲ್ಲೇ ಪರೀಕ್ಷೆ ಮಾಡಿಸಲಿ, ಫಲಿತಾಂಶ ಸಂಘದ ಫಲಕದ ಮೇಲೆ ಬರಲಿ. ಕೆಟ್ಟದ್ದೆಂದು ತಿಳಿದ ಬಾವಿಯ ನೀರು ತೋಟಕ್ಕಿರಲಿ. ಕುಡಿಯಲು ಚಾವಣಿಯ ಮಳೆನೀರನ್ನೋ ಊರಿನ ಶುದ್ಧ ನೀರಿನ ಘಟಕವನ್ನೋ ನೆಚ್ಚೋಣ. ಮುಂದಿನ ಮಹಾಸಭೆಯಲ್ಲಿ ಇದನ್ನು ಬೆಳೆಗಾರ ಬಂಧುಗಳೇ ಎತ್ತಬೇಕು. ಬಿದ್ದ ಅಡಿಕೆ ಧಾರಣೆ ಮರುವರ್ಷ ಏಳಬಹುದು. ಕೆಟ್ಟ ಬಾವಿ ನಮ್ಮ ಕಾಲದಲ್ಲಿ ಸರಿಹೋದೀತೆಂಬ ಭರವಸೆಯಿಲ್ಲ.