ಹೆಸರು ಹೇಳುವ ಪಾಠ
ಕಚೇರಿಯಲ್ಲಿ ಕೂತು ಮಾಡುವ ವಂಚನೆಯೂ ಅಪರಾಧವೇ ಎಂದು 1939ರಲ್ಲಿ ವಾದಿಸಿದ ಎಡ್ವಿನ್ ಸದರ್‌ಲ್ಯಾಂಡ್ ವಕೀಲರಲ್ಲ, ಅಮೆರಿಕದ ಸಮಾಜಶಾಸ್ತ್ರ ಪ್ರಾಧ್ಯಾಪಕ. 1949ರಲ್ಲಿ ಅವರ ಪುಸ್ತಕ ಬಂದಾಗ ಮೊಕದ್ದಮೆಗೆ ಹೆದರಿದ ಪ್ರಕಾಶಕರು ಕಂಪನಿಗಳ ಹೆಸರು ತೆಗೆಸಿದರು. ಹೆಸರುಗಳಿದ್ದ ಪೂರ್ಣ ಪಠ್ಯ ಹೊರಬಂದದ್ದು 1983ರಲ್ಲಿ, ಅವರು ತೀರಿಹೋದ ಎಷ್ಟೋ ವರ್ಷಗಳ ಮೇಲೆ. ಇಂಥ ವಂಚನೆಗಳ ವಿಷಯ ಕಲಿಸುವವರಿಗೆ ಮೊದಲು ಬೇಕಾದದ್ದು ಹೆಸರು ಹೇಳುವ ಎದೆಗಾರಿಕೆ, ನಮ್ಮ ಕಡೆ ಅದರ ಜೊತೆಗೆ ಕನ್ನಡ. ಹಣ ಮುಳುಗಿಸಿದ ಸಂಸ್ಥೆಯ ಆಸ್ತಿ ಜಪ್ತಿ ಮಾಡಿ ಠೇವಣಿದಾರರಿಗೆ ಹಂಚಲು ರಾಜ್ಯದಲ್ಲಿ 2004ರ ಕಾಯ್ದೆಯೇ ಇದೆ. ಆದರೆ ಕುಷ್ಟಗಿ ಸೀಮೆಯ ಮಳೆಯಾಶ್ರಿತ ಹೊಲದ ದುಡ್ಡನ್ನು ಇಂಥ ಸಂಸ್ಥೆಗೆ ಕಟ್ಟಿದ ಹೆಣ್ಣುಮಗಳು ಪಾಸ್‌ಬುಕ್ಕು, ಮಾಸಿದ ರಸೀದಿ ಹಿಡಿದು ಯಾರ ಮುಂದೆ ನಿಲ್ಲಬೇಕೆಂದು ಸರಳ ಕನ್ನಡದಲ್ಲಿ ಹೇಳುವವರು ಯಾರು? ದುರಾಸೆಗೆ ಬಿದ್ದವರ ಪರ ಪಾಂಡಿತ್ಯವೇಕೆ ಎಂದು ಕೇಳುವವರಿದ್ದಾರೆ. ಒಪ್ಪಲಾರೆ. ಪರಿಚಯದ ಏಜೆಂಟ್ ಮನೆಬಾಗಿಲಲ್ಲೇ ರಸೀದಿ ಹರಿದುಕೊಟ್ಟಾಗ ಕೈಚಾಚಿದ್ದು ನಂಬಿಕೆ, ಆಸೆಯಲ್ಲ. ವಂಚಕ ಬಂಡವಾಳ ಮಾಡಿಕೊಂಡದ್ದೂ ಅದನ್ನೇ. ಹುಬ್ಬಳ್ಳಿಯ ಕಾನೂನು ವಿಶ್ವವಿದ್ಯಾಲಯದ ಸಂಶೋಧಕರು ಬೆಂಗಳೂರಿನ ಹಗರಣಗಳಷ್ಟೇ ಶ್ರದ್ಧೆಯಿಂದ ತಾಲ್ಲೂಕಿನ ಇಂಥ ದೂರುಗಳನ್ನೂ ಓದಲಿ, ಓದಿದ್ದನ್ನು ಕನ್ನಡದಲ್ಲೇ ಬರೆಯಲಿ.