ನಮ್ಮ ಕ್ರಿಕೆಟಿಗರು ಯಾಕೆ ಮಾತಾಡಲ್ಲ? ಉತ್ತರ ಎನ್‌ಬಿಎಯ ಒಂದು ಸೀಸನ್‌ನಲ್ಲಿದೆ

2023ರ ಏಪ್ರಿಲ್. ದೆಹಲಿಯ ಜಂತರ್ ಮಂತರ್‌ನಲ್ಲಿ ಧರಣಿ ಕೂತಿದ್ದ ಕುಸ್ತಿಪಟು ವಿನೇಶ್ ಫೋಗಟ್ ಇಂಡಿಯನ್ ಎಕ್ಸ್‌ಪ್ರೆಸ್ ಪತ್ರಿಕೆಯ ಜೊತೆ ಮಾತಾಡ್ತಾ ಒಂದು ಪ್ರಶ್ನೆ ಕೇಳಿದ್ದರು. ಅಮೆರಿಕದಲ್ಲಿ ಬ್ಲ್ಯಾಕ್ ಲೈವ್ಸ್ ಮ್ಯಾಟರ್ ಚಳವಳಿ ನಡೆದಾಗ ಕ್ರೀಡಾಪಟುಗಳು ಒಟ್ಟಾಗಿ ನಿಂತರು. ಇಡೀ ದೇಶ ಪೂಜಿಸುವ ನಮ್ಮ ಕ್ರಿಕೆಟಿಗರಲ್ಲಿ ಒಬ್ಬರೂ ಯಾಕೆ ಬಾಯಿ ಬಿಡ್ತಿಲ್ಲ ಅಂತ.

ಆಮೇಲೆ ಕೆಲವರು ಬಾಯಿ ಬಿಟ್ಟರು. ಮೇ 28ರಂದು ಪೊಲೀಸರು ಕುಸ್ತಿಪಟುಗಳನ್ನು ಎಳೆದಾಡಿದ ಮೇಲೆ ನಮ್ಮ ಅನಿಲ್ ಕುಂಬ್ಳೆ ಬೇಸರದ ಟ್ವೀಟ್ ಮಾಡಿದರು. 1983ರ ವಿಶ್ವಕಪ್ ಗೆದ್ದ ತಂಡ ಹೇಳಿಕೆ ಕೊಟ್ಟಿತು. ಇವರೆಲ್ಲ ಆಟ ಬಿಟ್ಟು ವರ್ಷಗಳಾದವರು, ಬಿಸಿಸಿಐನ ಆಟಗಾರರ ಗುತ್ತಿಗೆಯಲ್ಲಿ ಇಲ್ಲದವರು. ಆಗ ಆಡುತ್ತಿದ್ದ ದೊಡ್ಡ ಹೆಸರುಗಳು ಸುಮ್ಮನಿದ್ದವು. ನಾವು ಅವರನ್ನು ಹೇಡಿಗಳು ಅಂದೆವು, ಮೀಮ್ ಮಾಡಿದೆವು. ನಾನೂ ಮಾಡಿದ್ದೇನೆ.

ಈಗ ಅದು ಅಷ್ಟು ಸರಳ ಅನ್ನಿಸಲ್ಲ. ವಿನೇಶ್ ಯಾವ ಅಮೆರಿಕವನ್ನು ನೆನಪಿಸಿಕೊಂಡರೋ ಅದರ ದೊಡ್ಡ ಭಾಗ ಒಂದೇ ಸೀಸನ್‌ನಲ್ಲಿದೆ: ಪುರುಷರ ವೃತ್ತಿಪರ ಬಾಸ್ಕೆಟ್‌ಬಾಲ್ ಲೀಗ್ ಎನ್‌ಬಿಎಯ 2019-20ರ ಸೀಸನ್. ಅದನ್ನು ಮೊದಲಿಂದ ಕೊನೆತನಕ ನೋಡಿದರೆ ಧೈರ್ಯದ ಕಥೆಗಿಂತ ಬೇರೆಯೇ ಕಥೆ ಸಿಗುತ್ತೆ.

ಮೊದಲು ಎಲ್ಲರಿಗೂ ಗೊತ್ತಿರುವ ದಿನ. 2020ರ ಆಗಸ್ಟ್ 23ರಂದು ವಿಸ್ಕಾನ್ಸಿನ್ ರಾಜ್ಯದ ಕೆನೋಶಾದಲ್ಲಿ ಜೇಕಬ್ ಬ್ಲೇಕ್ ಎಂಬ ಕಪ್ಪು ಯುವಕನ ಬೆನ್ನಿಗೆ ಪೊಲೀಸನೊಬ್ಬ ಗುಂಡು ಹಾರಿಸಿದ. ಕೆನೋಶಾ ಇರೋದು ಮಿಲ್ವಾಕಿ ನಗರದ ಪಕ್ಕದಲ್ಲೇ. ಮಿಲ್ವಾಕಿ ಬಕ್ಸ್ ತಂಡ ಆಗ ಫ್ಲಾರಿಡಾದ ಡಿಸ್ನಿ ವರ್ಲ್ಡ್ ಆವರಣದೊಳಗೆ ಬಂದಿ. ಕೊರೊನಾ ಕಾರಣಕ್ಕೆ ಮಾರ್ಚ್ 11ರಂದು ನಿಂತಿದ್ದ ಸೀಸನ್ ಅನ್ನು ಮುಗಿಸೋಕೆ 22 ತಂಡಗಳನ್ನು ಅಲ್ಲಿ ಕೂಡಿಹಾಕಲಾಗಿತ್ತು; 'ಬಬಲ್' ಅಂತ ಅದಕ್ಕೆ ಹೆಸರು. ಆಗಸ್ಟ್ 26, ಪ್ಲೇಆಫ್ ಪಂದ್ಯ. ನಮ್ಮಲ್ಲಿ ರಾತ್ರಿ ಒಂದೂವರೆ. ಒರ್ಲಾಂಡೊ ತಂಡ ಕೋರ್ಟಿಗೆ ಬಂದು ಅಭ್ಯಾಸ ಮಾಡ್ತಿತ್ತು, ಎದುರಿನ ಅರ್ಧ ಖಾಲಿ. ಬಕ್ಸ್ ಹುಡುಗರು ಲಾಕರ್ ರೂಮಿನಿಂದ ಹೊರಗೆ ಬರಲೇ ಇಲ್ಲ. ಒಳಗಿನಿಂದಲೇ ವಿಸ್ಕಾನ್ಸಿನ್‌ನ ಅಟಾರ್ನಿ ಜನರಲ್‌ಗೆ ಫೋನ್ ಹಚ್ಚಿ ಮಾತಾಡಿದರು. ಗಂಟೆಗಳ ನಂತರ ಹೊರಬಂದು ಹೇಳಿಕೆ ಓದಿದವರು ಜಾರ್ಜ್ ಹಿಲ್ ಮತ್ತು ಸ್ಟರ್ಲಿಂಗ್ ಬ್ರೌನ್. ಈ ಬ್ರೌನ್ ಮೇಲೆ 2018ರಲ್ಲಿ ಮಿಲ್ವಾಕಿಯ ಪೊಲೀಸರೇ ಪಾರ್ಕಿಂಗ್ ವಿಷಯಕ್ಕೆ ಟೇಸರ್ ಪ್ರಯೋಗಿಸಿದ್ದರು. ಆವತ್ತಿನ ಮೂರೂ ಪಂದ್ಯ ನಿಂತವು. ಮೂರು ದಿನ ಲೀಗ್ ನಿಂತಿತು.

ಅಮೆರಿಕದ ಮಾಧ್ಯಮಗಳು ಇದನ್ನು ಬಹಿಷ್ಕಾರ ಅಂತ ಕರೆದವು. (ನಮ್ಮೂರುಗಳಲ್ಲಿ ಆ ಪದಕ್ಕೆ ಬೇರೆಯೇ ಚರಿತ್ರೆ ಇದೆ, ಯಾರ ಮೇಲೆ ಯಾರು ಹಾಕೋದು ಅಂತ ನಿಮಗೆ ಗೊತ್ತು.) ಲೀಗ್ ತನ್ನ ಪ್ರಕಟಣೆಯಲ್ಲಿ 'ಮುಂದೂಡಿಕೆ' ಅಂತ ಬರೆಯಿತು. ಆದದ್ದು ಮುಷ್ಕರ. ಅದೂ ನಿಯಮ ಮುರಿದ ಮುಷ್ಕರ, ಯಾಕಂದ್ರೆ ಆಟಗಾರರ ಯೂನಿಯನ್ ಮತ್ತು ಲೀಗ್ ನಡುವಿನ ಒಪ್ಪಂದದಲ್ಲಿ ಮುಷ್ಕರ ಮಾಡುವಂತಿಲ್ಲ ಅನ್ನೋ ಷರತ್ತೇ ಇದೆ. ಲೀಗ್ ಯಾರಿಗೂ ದಂಡ ಹಾಕಲಿಲ್ಲ. ಹಾಕೋದು ಹೇಗೆ? ಆಟಗಾರರಲ್ಲಿ ಸುಮಾರು ಮುಕ್ಕಾಲು ಪಾಲು ಕಪ್ಪು ಜನ, ಎಲ್ಲರೂ ಒಂದೇ ಯೂನಿಯನ್‌ನ ಸದಸ್ಯರು, ಎಲ್ಲರೂ ಒಂದೇ ಆವರಣದಲ್ಲಿ. ಬಬಲ್ ಕಟ್ಟಿದ್ದು ವೈರಸ್ ತಡೆಯೋಕೆ. ಕಾರ್ಮಿಕರೆಲ್ಲ ಒಂದೇ ಕ್ವಾರ್ಟರ್ಸ್‌ನಲ್ಲಿ ಇದ್ದರೆ ಏನಾಗುತ್ತೆ ಅನ್ನೋದು ಹಳೇ ಮಿಲ್ ಮಾಲೀಕರಿಗೆ ಗೊತ್ತಿತ್ತು, ಇವರಿಗೆ ಮರೆತುಹೋಗಿತ್ತು.

ಈ ಯೂನಿಯನ್ ಶುರುವಾಗಿದ್ದು 1954ರಲ್ಲಿ. ಮೊದಲ ಕೆಲವು ವರ್ಷ ಮಾಲೀಕರು ಕ್ಯಾರೇ ಅನ್ನಲಿಲ್ಲ. 1964ರ ಜನವರಿಯಲ್ಲಿ ಬಾಸ್ಟನ್‌ನಲ್ಲಿ ಆಲ್‌ಸ್ಟಾರ್ ಪಂದ್ಯ ಟಿವಿಯಲ್ಲಿ ಶುರುವಾಗೋಕೆ ನಿಮಿಷಗಳಿರುವಾಗ ಆಟಗಾರರು ಬಾಗಿಲು ಹಾಕಿಕೊಂಡು ಕೂತರು: ಪಿಂಚಣಿ ಯೋಜನೆಯ ಮಾತು ಕೊಟ್ಟರೆ ಆಡ್ತೀವಿ, ಇಲ್ಲಾಂದ್ರೆ ಇಲ್ಲ. ಮಾತು ಸಿಕ್ಕಿತು. ಆಮೇಲೆ ಆಸ್ಕರ್ ರಾಬರ್ಟ್‌ಸನ್ 1970ರಲ್ಲಿ ಕೋರ್ಟ್ ಮೆಟ್ಟಿಲು ಹತ್ತಿದರು. 1976ರಲ್ಲಿ ರಾಜಿಯಾಗಿ, ಆಟಗಾರ ತನಗೆ ಬೇಕಾದ ತಂಡಕ್ಕೆ ಹೋಗುವ ಹಾದಿ ತೆರೆಯಿತು. ಇವತ್ತು ಲೀಗ್‌ನ ಬಾಸ್ಕೆಟ್‌ಬಾಲ್ ಆದಾಯದಲ್ಲಿ ಹೆಚ್ಚುಕಮ್ಮಿ ಅರ್ಧ ಆಟಗಾರರದ್ದು. 2020ರ ಲಾಕರ್ ರೂಮಿನ ಬಾಗಿಲ ಹಿಂದೆ 1964ರ ಬಾಗಿಲಿದೆ.

ಮುಷ್ಕರದ ಮರುದಿನ ಟ್ರಂಪ್ ಅವರ ಅಳಿಯ, ಸಲಹೆಗಾರ ಜ್ಯಾರೆಡ್ ಕುಶ್ನರ್ ಒಂದು ಮಾತು ಹೇಳಿದರು: ಒಂದು ರಾತ್ರಿ ಕೆಲಸ ಬಿಟ್ಟರೂ ನಷ್ಟವಾಗದಷ್ಟು ದುಡ್ಡಿರುವ ಈ ಆಟಗಾರರು ಅದೃಷ್ಟವಂತರು ಅನ್ನುವ ಅರ್ಥದ್ದು. ಮಾವನ ಮನೆಯಲ್ಲಿ ಕೂತು ಇನ್ನೊಬ್ಬರ ಅದೃಷ್ಟದ ಬಗ್ಗೆ ಮಾತಾಡೋದಕ್ಕೂ ಒಂದು ಧೈರ್ಯ ಬೇಕು ಬಿಡಿ. ಆದರೂ ಆ ವಾದವನ್ನು ಸುಮ್ಮನೆ ತಳ್ಳಿಹಾಕೋಕೆ ಆಗಲ್ಲ. ಆ ವರ್ಷ ಎನ್‌ಬಿಎಯಲ್ಲಿ ಹೊಸಬನ ಕನಿಷ್ಠ ಸಂಬಳವೇ ಸುಮಾರು 9 ಲಕ್ಷ ಡಾಲರ್.

ಉತ್ತರ ಕೊಟ್ಟವರು ಹೆಂಗಸರು. ಮಹಿಳಾ ಲೀಗ್ ಡಬ್ಲ್ಯೂಎನ್‌ಬಿಎಯಲ್ಲಿ ಆಗ ಗರಿಷ್ಠ ಸಂಬಳ 2.15 ಲಕ್ಷ ಡಾಲರ್, ಕನಿಷ್ಠ 57 ಸಾವಿರ. ಅಟ್ಲಾಂಟಾ ಡ್ರೀಮ್ ತಂಡದ ಸಹ ಮಾಲಕಿ ಕೆಲ್ಲಿ ಲೋಫ್ಲರ್ ಜಾರ್ಜಿಯಾದ ರಿಪಬ್ಲಿಕನ್ ಸೆನೆಟರ್ ಆಗಿದ್ದರು, ಬ್ಲ್ಯಾಕ್ ಲೈವ್ಸ್ ಮ್ಯಾಟರ್ ಚಳವಳಿಯನ್ನು ಬಹಿರಂಗವಾಗಿ ವಿರೋಧಿಸಿದ್ದರು. ಅವರದ್ದೇ ತಂಡದ ಆಟಗಾರ್ತಿಯರು ಆಗಸ್ಟ್‌ನಲ್ಲಿ ಎದುರಾಳಿ ರಾಫೆಲ್ ವಾರ್ನಾಕ್‌ಗೆ ವೋಟು ಹಾಕಿ ಅನ್ನೋ ಟೀಶರ್ಟ್ ಹಾಕಿಕೊಂಡು ಬಂದರು. ಯಜಮಾನಿಯ ಹಣದಲ್ಲಿ ಉಣ್ಣುತ್ತಾ ಯಜಮಾನಿಯನ್ನೇ ಸೋಲಿಸಿ ಅಂತ ಕೇಳೋದು ಅಂದ್ರೆ ತಮಾಷೆನಾ? ಅವರಿಗೆ ದುಡ್ಡಿನ ದಿಂಬು ಇರಲಿಲ್ಲ. ಅವರಿಗೂ ಯೂನಿಯನ್ ಇತ್ತು.

ನನಗೆ ಇದು ಯಾಕೆ ಇಷ್ಟು ತಟ್ಟುತ್ತೆ ಅಂದ್ರೆ, ಇಂಜಿನಿಯರಿಂಗ್ ಮುಗಿಸಿ ನಾನು ಸೇರಿದ್ದ ಬೆಂಗಳೂರಿನ ಕಂಪನಿಯಲ್ಲಿ ಒಂದು ಮಂಗಳವಾರ ನಮ್ಮನ್ನು ಒಬ್ಬೊಬ್ಬರಾಗಿ ಮೀಟಿಂಗ್ ರೂಮಿಗೆ ಕರೆದರು. ಒಳಗೆ ಎಚ್‌ಆರ್‌ನ ಇಬ್ಬರು, ಮೇಜಿನ ಮೇಲೆ ಆಗಲೇ ಪ್ರಿಂಟ್ ತೆಗೆದ ರಾಜೀನಾಮೆ. ಸಹಿ ಹಾಕಿದರೆ ಅನುಭವ ಪತ್ರ, ಹಾಕದಿದ್ದರೆ ಮುಂದೆ ಕಷ್ಟ ಆಗುತ್ತೆ ನೋಡಿ ಅಂದರು. ನನ್ನ ಸರದಿ ಹತ್ತು ನಿಮಿಷಕ್ಕೆ ಮುಗಿಯಿತು. ಆವತ್ತು ಎಷ್ಟು ಜನ ಹೋದೆವು ಅಂತ ನಮಗೇ ಗೊತ್ತಾಗಿದ್ದು ವಾರದ ಮೇಲೆ, ವಾಟ್ಸಾಪ್ ಗ್ರೂಪ್ ಮಾಡಿಕೊಂಡಾಗ. ಮೂವತ್ತೊಂದು. ಅಷ್ಟೂ ಜನ ಒಟ್ಟಿಗೆ ಆ ರೂಮಿನ ಮುಂದೆ ನಿಂತಿದ್ದರೆ? ಒಬ್ಬರಿಗೂ ಹೊಳೆಯಲಿಲ್ಲ. ಹೊಳೆಯೋಕೂ ಒಂದು ಅಭ್ಯಾಸ ಬೇಕು. ಕರ್ನಾಟಕದಲ್ಲಿ ಐಟಿ ನೌಕರರ ಸಂಘ ಕೆಐಟಿಯು ಹುಟ್ಟಿದ್ದು ಇದಾದ ಮೇಲೆ, 2017ರಲ್ಲಿ.

ಹಾಗಂತ ಯೂನಿಯನ್ ಇದ್ದರೆ ಎಲ್ಲರೂ ಸತ್ಯವಂತರಾಗಿಬಿಡ್ತಾರೆ ಅಂತಲ್ಲ. ಇದೇ ಸೀಸನ್ ಶುರುವಾಗಿದ್ದು ಹೇಗೆ ಅಂತ ನೋಡಿ.

2019ರ ಅಕ್ಟೋಬರ್ 4 ಮತ್ತು 5. ಸ್ಯಾಕ್ರಮೆಂಟೊ ಕಿಂಗ್ಸ್ ಮತ್ತು ಇಂಡಿಯಾನಾ ಪೇಸರ್ಸ್ ತಂಡಗಳು ಮುಂಬೈನ ವರ್ಲಿಯಲ್ಲಿ ಆಡ್ತಿದ್ದವು. ಭಾರತದಲ್ಲಿ ಎನ್‌ಬಿಎಯ ಮೊದಲ ಪಂದ್ಯಗಳು. ಅದಕ್ಕೆ ಎರಡು ವಾರ ಮುಂಚೆ ಹ್ಯೂಸ್ಟನ್‌ನ 'ಹೌಡಿ ಮೋದಿ' ವೇದಿಕೆಯಲ್ಲಿ ಟ್ರಂಪ್, ನಾನೂ ಬರಬಹುದು ಅಂತ ಈ ಪಂದ್ಯದ ಬಗ್ಗೆ ಹಾಸ್ಯ ಮಾಡಿದ್ದರು. ಅದೇ ಹ್ಯೂಸ್ಟನ್‌ನ ರಾಕೆಟ್ಸ್ ತಂಡದ ಜನರಲ್ ಮ್ಯಾನೇಜರ್ ಡ್ಯಾರಿಲ್ ಮೋರಿ, ಮುಂಬೈ ಪಂದ್ಯಗಳ ಹೊತ್ತಿಗೇ, ಹಾಂಗ್‌ಕಾಂಗ್ ಪ್ರತಿಭಟನಕಾರರ ಪರ ಒಂದು ಸಾಲಿನ ಪೋಸ್ಟರ್ ಟ್ವೀಟ್ ಮಾಡಿ, ಅಷ್ಟೇ ಬೇಗ ಅಳಿಸಿದರು. ಚೀನಾದ ಸರ್ಕಾರಿ ಟಿವಿ ಪ್ರಸಾರ ನಿಲ್ಲಿಸಿತು. ಟೆನ್ಸೆಂಟ್ ಜೊತೆ ಎನ್‌ಬಿಎಗೆ ಐದು ವರ್ಷಕ್ಕೆ 150 ಕೋಟಿ ಡಾಲರ್‌ನ ಒಪ್ಪಂದ ಇದೆ ಅಂತ ವರದಿಯಾಗಿತ್ತು. ಕಮಿಷನರ್ ಆಡಮ್ ಸಿಲ್ವರ್ ಆಮೇಲೆ ಅಂದಾಜು ಮಾಡಿದ ನಷ್ಟ 40 ಕೋಟಿ ಡಾಲರ್‌ನ ಒಳಗೆ. ಹತ್ತು ತಿಂಗಳ ನಂತರ ಮುಷ್ಕರದ ರಾತ್ರಿ ಮುಂಚೂಣಿಯಲ್ಲಿದ್ದ ಲೆಬ್ರಾನ್ ಜೇಮ್ಸ್ ಅಕ್ಟೋಬರ್‌ನಲ್ಲಿ ಏನಂದರು? ಮೋರಿಗೆ ವಿಷಯ ಸರಿಯಾಗಿ ಗೊತ್ತಿಲ್ಲ ಅಂದರು.

ಇದನ್ನು ಬೂಟಾಟಿಕೆ ಅಂತ ಬೈದು ಮುಗಿಸಬಹುದು. ಬೈಗುಳಕ್ಕಿಂತ ಲೆಕ್ಕ ಹೆಚ್ಚು ಹೇಳುತ್ತೆ ಅನ್ನೋದು ನನ್ನ ಅಭಿಪ್ರಾಯ. ಆದಾಯದಲ್ಲಿ ಅರ್ಧ ಪಾಲು ಅಂದರೆ ನಷ್ಟದಲ್ಲೂ ಅರ್ಧ ಪಾಲು. ಚೀನಾದ ದುಡ್ಡು ನಿಂತರೆ ಸಂಬಳದ ಮಿತಿ ಇಳಿಯುತ್ತೆ. ಯಾವ ಒಪ್ಪಂದ ಆಗಸ್ಟ್‌ನಲ್ಲಿ ಆಟಗಾರರ ಬೆನ್ನಿಗಿತ್ತೋ ಅದೇ ಒಪ್ಪಂದ ಅಕ್ಟೋಬರ್‌ನಲ್ಲಿ ಅವರ ಬಾಯಿಗೆ ಬೀಗ ಹಾಕಿತ್ತು. ಮುಂಬೈ ಪಂದ್ಯದ ಆ ದಿನಗಳಲ್ಲಿ ಕಾಶ್ಮೀರ ಕಣಿವೆಯಲ್ಲಿ ಇಂಟರ್ನೆಟ್ ಬಂದ್ ಆಗಿ ಎರಡು ತಿಂಗಳಾಗಿತ್ತು. ಮೋರಿಯ ಟ್ವೀಟ್ ಅದರ ಬಗ್ಗೆ ಇದ್ದಿದ್ದರೆ ಎನ್‌ಬಿಎ ಏನು ಮಾಡ್ತಿತ್ತು ಅಂತ ಊಹಿಸೋಕೆ ನನಗೇನೂ ಕಷ್ಟ ಇಲ್ಲ.

ಬಬಲ್ ಒಳಗೂ ಮಿತಿ ಇತ್ತು. ಜೆರ್ಸಿ ಬೆನ್ನ ಮೇಲೆ ಆಟಗಾರ ತನ್ನ ಹೆಸರಿನ ಜಾಗದಲ್ಲಿ ಘೋಷಣೆ ಹಾಕಿಕೊಳ್ಳಬಹುದಿತ್ತು, ಆದರೆ ಲೀಗ್ ಮತ್ತು ಯೂನಿಯನ್ ಸೇರಿ ಒಪ್ಪಿದ 29ರ ಪಟ್ಟಿಯಿಂದ ಮಾತ್ರ. ಮುಷ್ಕರ ಆ ಪಟ್ಟಿಯಲ್ಲಿ ಇರಲಿಲ್ಲ ಅನ್ನೋದೇ ಅದರ ತೂಕ.

ಸಿಕ್ಕಿದ್ದೇನು? ಮಾಲೀಕರ ಕೈಲಿರುವ ಕ್ರೀಡಾಂಗಣಗಳನ್ನು ನವೆಂಬರ್ ಚುನಾವಣೆಗೆ ಮತಗಟ್ಟೆ ಮಾಡೋಕೆ ನೆರವಾಗ್ತೀವಿ ಅನ್ನೋ ಲಿಖಿತ ಒಪ್ಪಂದ ಸಿಕ್ಕಿತು. ಸಣ್ಣದು ಅನ್ನಿಸಬಹುದು. ಅಟ್ಲಾಂಟಾದ ಸ್ಟೇಟ್ ಫಾರ್ಮ್ ಅರೀನಾದಲ್ಲಿ ಜನ ವೋಟು ಹಾಕಿದರು, ಅಂಚೆ ಮತಗಳ ಎಣಿಕೆಯೂ ಅಲ್ಲೇ ಆಯಿತು. ಮುಂದೆ ಟ್ರಂಪ್ ಬಣ ಮತಗಳ್ಳತನದ ಸುಳ್ಳು ಕಟ್ಟಿದ್ದು ಇದೇ ಅರೀನಾದ ಸಿಸಿಟಿವಿ ದೃಶ್ಯ ಇಟ್ಟುಕೊಂಡು. ಬಕ್ಸ್ ಆಟಗಾರರು ಕೇಳಿದ್ದ ಇನ್ನೊಂದು, ವಿಸ್ಕಾನ್ಸಿನ್ ಶಾಸನಸಭೆ ಸೇರಿ ಪೊಲೀಸ್ ಸುಧಾರಣೆ ಬಗ್ಗೆ ಚರ್ಚಿಸಬೇಕು ಅನ್ನೋದು. ರಾಜ್ಯಪಾಲರು ಕರೆದಿದ್ದ ವಿಶೇಷ ಅಧಿವೇಶನ ಆಗಸ್ಟ್ 31ರಂದು ಶುರುವಾಗಿ ನಿಮಿಷದೊಳಗೆ ಮುಂದಕ್ಕೆ ಹೋಯಿತು. 2021ರ ಜನವರಿ 5ರಂದು ಕೆನೋಶಾದ ಸರ್ಕಾರಿ ವಕೀಲರು, ಗುಂಡು ಹಾರಿಸಿದ ಪೊಲೀಸನ ಮೇಲೆ ಮೊಕದ್ದಮೆ ಇಲ್ಲ ಅಂತ ಪ್ರಕಟಿಸಿದರು. ಅದೇ ದಿನ ಜಾರ್ಜಿಯಾದ ಮರುಚುನಾವಣೆಯಲ್ಲಿ ಲೋಫ್ಲರ್ ಸೋತರು, ವಾರ್ನಾಕ್ ಗೆದ್ದರು.

ಪ್ರಶಸ್ತಿ ಲೇಕರ್ಸ್‌ಗೆ ಹೋಯಿತು, ಅಕ್ಟೋಬರ್ 11ಕ್ಕೆ. ಚೀನಾದ ಟಿವಿ ಅದಕ್ಕೆ ಎರಡು ದಿನ ಮುಂಚೆ ಪ್ರಸಾರ ಮತ್ತೆ ಶುರುಮಾಡಿತ್ತು.

ಈಗ ನಮ್ಮ ಲೆಕ್ಕ. ಐಪಿಎಲ್‌ನ 2023ರಿಂದ 2027ರವರೆಗಿನ ಪ್ರಸಾರ ಹಕ್ಕು ಮಾರಾಟವಾಗಿದ್ದು 48,390 ಕೋಟಿ ರೂಪಾಯಿಗೆ, ಅಂದರೆ ವರ್ಷಕ್ಕೆ ಸುಮಾರು 9,700 ಕೋಟಿ. 2025ರಲ್ಲಿ ಒಂದು ತಂಡ ಆಟಗಾರರಿಗೆ ಖರ್ಚು ಮಾಡಬಹುದಾದ ಗರಿಷ್ಠ ಮೊತ್ತ, ಪಂದ್ಯದ ಫೀಸೂ ಸೇರಿ, 146 ಕೋಟಿ. ಹತ್ತು ತಂಡಕ್ಕೆ 1,460 ಕೋಟಿ. ಟಿಕೆಟ್, ಪ್ರಾಯೋಜಕತ್ವ ಎಲ್ಲ ಬಿಟ್ಟು ಬರೀ ಪ್ರಸಾರದ ದುಡ್ಡಿಗೆ ಹೋಲಿಸಿದರೂ ಶೇ 15ರ ಆಸುಪಾಸು. ಈ ಪಾಲನ್ನು ಯಾರು ಯಾರ ಜೊತೆ ಚೌಕಾಸಿ ಮಾಡಿ ನಿಗದಿ ಮಾಡಿದರು? ಚೌಕಾಸಿ ಮಾಡೋಕೆ ಆಟಗಾರರ ಕಡೆ ಸಂಘವೇ ಇಲ್ಲ. ಲೋಧಾ ಸಮಿತಿಯ ಶಿಫಾರಸಿನ ನಂತರ 2019ರಲ್ಲಿ ಹುಟ್ಟಿದ ಭಾರತೀಯ ಕ್ರಿಕೆಟಿಗರ ಸಂಘಕ್ಕೆ ಸೇರೋಕೆ ಮೊದಲು ನಿವೃತ್ತರಾಗಬೇಕು.

ಹಾಗಾಗಿ 2021ರ ಫೆಬ್ರವರಿಯಲ್ಲಿ ರಿಹಾನಾ ರೈತ ಚಳವಳಿಯ ಬಗ್ಗೆ ಒಂದು ಸಾಲು ಬರೆದ ತಕ್ಷಣ ನಮ್ಮ ತಾರೆಯರು ಒಂದೇ ಹ್ಯಾಶ್‌ಟ್ಯಾಗ್ ಹಾಕಿ ಒಂದೇ ಥರದ ಟ್ವೀಟ್ ಮಾಡಿದ್ದು ನನಗೆ ಈಗ ಆಶ್ಚರ್ಯ ಅನ್ನಿಸಲ್ಲ. ಅವರೆಲ್ಲ ಕೋಟ್ಯಧಿಪತಿಗಳು, ನನ್ನ ಮೂವತ್ತೊಂದು ಜನರ ಜೊತೆ ಹೋಲಿಸೋದು ಅತಿಯಾಯಿತು ಅಂತ ನೀವು ಹೇಳಬಹುದು, ಸರಿ. ಆದರೆ ಅವರನ್ನೂ ಕರೆಯೋದು ಒಬ್ಬೊಬ್ಬರನ್ನಾಗಿಯೇ.

2027ಕ್ಕೆ ಈಗಿನ ಪ್ರಸಾರ ಒಪ್ಪಂದ ಮುಗಿಯುತ್ತೆ. ಮುಂದಿನದ್ದು ಹರಾಜಿಗೆ ಬಂದಾಗ ಮಂಡಳಿಯವರು ಇರ್ತಾರೆ, ಚಾನೆಲ್‌ನವರು ಇರ್ತಾರೆ, ಫ್ರಾಂಚೈಸಿ ಮಾಲೀಕರು ಇರ್ತಾರೆ. ಆಟಗಾರರಿಗೆ ಎಷ್ಟು ಬಂತು ಅನ್ನೋದು ಆಟಗಾರರಿಗೂ ನಮಗೂ ಟಿವಿ ನೋಡಿ ಒಟ್ಟಿಗೇ ಗೊತ್ತಾಗುತ್ತೆ.